ಮಹಮೂದ್ ಗವಾನ್: ವಿದ್ಯಾಲಯ ಕಟ್ಟಿದ ವಜೀರ

ಸುಮಾರು ಕ್ರಿ.ಶ. 1453ರಲ್ಲಿ ಪರ್ಷಿಯಾದ ಗಿಲಾನ್ ಪ್ರಾಂತದ ವರ್ತಕನೊಬ್ಬನು ಕೊಂಕಣದ ದಾಭೋಳ ಬಂದರಿನಲ್ಲಿ ಇಳಿದು, ಘಟ್ಟವೇರಿ ಬೀದರಿಗೆ ಬಂದನು. ವಯಸ್ಸು ಆಗಲೇ ನಲವತ್ತು ದಾಟಿತ್ತು. ವ್ಯಾಪಾರದಷ್ಟೇ ವಿದ್ವಜ್ಜನರ ಸಹವಾಸವೂ ಅವನಿಗೆ ಪ್ರಿಯವಾಗಿತ್ತು. ಬಹಮನಿ ಸುಲ್ತಾನನಾದ ಎರಡನೆಯ ಅಲಾವುದ್ದೀನ್ ಅಹಮದನು ಅವನ ಯೋಗ್ಯತೆಯನ್ನರಿತು ಆಸ್ಥಾನದಲ್ಲಿ ಸ್ಥಾನವಿತ್ತನು. ಹೀಗೆ ಈ ನೆಲಕ್ಕೆ ಬಂದ ಮಹಮೂದ್ ಗವಾನನು ಮತ್ತೆ ತಾಯ್ನಾಡಿಗೆ ಮರಳಲಿಲ್ಲ.

ಹುಮಾಯೂನ್ ಷಹನ ಕಾಲದಲ್ಲಿ ಅವನಿಗೆ ಮಲಿಕ್-ಉತ್-ತುಜ್ಜಾರ್, ಎಂದರೆ ವರ್ತಕರ ದೊರೆ, ಎಂಬ ಬಿರುದು ದೊರೆಯಿತು. 1461ರಲ್ಲಿ ಹುಮಾಯೂನನು ತೀರಿಕೊಂಡಾಗ ಸಿಂಹಾಸನವೇರಿದವನು ಎಂಟು ವರ್ಷದ ಬಾಲಕ. ಮಾಳವದ ಸೈನ್ಯವು ಬೀದರದವರೆಗೂ ನುಗ್ಗಿ ಬಂದಿತು. ರಾಜಮಾತೆಯೊಡನೆ ರಾಜ್ಯಭಾರ ಹೊತ್ತಿದ್ದ ಗವಾನನು ಗುಜರಾತಿನ ಸುಲ್ತಾನನ ನೆರವು ಪಡೆದು ರಾಜ್ಯವನ್ನುಳಿಸಿದನು. ಮುಂದೆ ಮೂರನೆಯ ಮುಹಮ್ಮದ್ ಷಹನ ಆಳ್ವಿಕೆಯಲ್ಲಿ ಅವನೇ ಪ್ರಧಾನ ವಜೀರನಾದನು. 1472ರಲ್ಲಿ ವಿಜಯನಗರದ ವಶದಲ್ಲಿದ್ದ ಗೋವೆಯನ್ನು ಗೆದ್ದನು.

ಆದರೆ ಅವನ ನಿಜವಾದ ಕಾರ್ಯ ರಣರಂಗದ್ದಲ್ಲ. ನಾಲ್ಕು ವಿಶಾಲ ಪ್ರಾಂತಗಳನ್ನು ಎಂಟಾಗಿ ವಿಭಜಿಸಿದನು. ಪ್ರತಿ ಪ್ರಾಂತಾಧಿಕಾರಿಯ ಕೈಯಲ್ಲಿ ಒಂದೇ ಕೋಟೆಯನ್ನುಳಿಸಿ, ಉಳಿದವನ್ನು ಸುಲ್ತಾನನೇ ನೇಮಿಸಿದ ದುರ್ಗಾಧಿಪತಿಗಳಿಗೆ ಒಪ್ಪಿಸಿದನು. ಭೂಮಿಯನ್ನು ಅಳೆಯಿಸಿ ಕಂದಾಯವನ್ನು ಕ್ರಮಗೊಳಿಸಿದನು. ಇದರಿಂದ ರಾಜ್ಯ ಬಲಗೊಂಡಿತು. ಅಧಿಕಾರ ಕಳೆದುಕೊಂಡ ಅಮೀರರ ದ್ವೇಷವೂ ಬೆಳೆಯಿತು. ದಖನಿಗಳು ಮತ್ತು ಹೊರನಾಡಿನಿಂದ ಬಂದವರ ನಡುವಣ ಹಳೆಯ ವೈಮನಸ್ಯವು ಆ ದ್ವೇಷಕ್ಕೆ ಇಂಬಾಯಿತು. ಎರಡೂ ಪಕ್ಷಗಳಿಗೆ ಹುದ್ದೆಗಳನ್ನು ಸಮನಾಗಿ ಹಂಚಿದರೂ ಅವನ ಮೇಲಿನ ಹಗೆ ಆರಲಿಲ್ಲ.

1472ರಲ್ಲಿಯೇ ಬೀದರದಲ್ಲಿ ಅವನ ಮದರಸಾ ತಲೆಯೆತ್ತಿತು. ಮೂರು ಅಂತಸ್ತು, ಉಪನ್ಯಾಸದ ಹಜಾರಗಳು, ವಿದ್ಯಾರ್ಥಿಗಳಿಗೂ ಅಧ್ಯಾಪಕರಿಗೂ ವಸತಿಯ ಕೋಣೆಗಳು, ಸುಮಾರು ಮೂರು ಸಾವಿರ ಹಸ್ತಪ್ರತಿಗಳ ಗ್ರಂಥಭಂಡಾರ, ಮುಂಭಾಗದಲ್ಲಿ ಪರ್ಷಿಯಾದ ಮಾದರಿಯ ಬಣ್ಣದ ಹೆಂಚುಗಳು. ಅವನು ಸ್ವತಃ ಪಾರಸಿಯ ಶ್ರೇಷ್ಠ ಪತ್ರಲೇಖಕ; ಆ ಪತ್ರಗಳ ಸಂಗ್ರಹ ರಿಯಾಜ್-ಉಲ್-ಇನ್ಷಾ ಇಂದಿಗೂ ಉಳಿದಿದೆ.

ಅಕ್ಷರವನ್ನು ಇಷ್ಟು ಪ್ರೀತಿಸಿದವನ ಪ್ರಾಣವನ್ನು ಒಂದು ಸುಳ್ಳು ಪತ್ರವೇ ಕಸಿದುಕೊಂಡಿತು. ವಿರೋಧಿಗಳು ಅವನ ಮುದ್ರೆ ಕಾಯುತ್ತಿದ್ದವನಿಗೆ ಮದ್ಯ ಕುಡಿಸಿ, ಖಾಲಿ ಕಾಗದಕ್ಕೆ ಮುದ್ರೆಯೊತ್ತಿಸಿಕೊಂಡರು. ಅದರಲ್ಲಿ ಒಡಿಶಾದ ಅರಸನನ್ನು ದಂಡೆತ್ತಿ ಬರಲು ಕರೆದಂತೆ ಬರೆದು ಸುಲ್ತಾನನ ಮುಂದಿಟ್ಟರು. ಗವಾನನು ಮುದ್ರೆ ತನ್ನದೆಂದೂ ಬರಹ ತನ್ನದಲ್ಲವೆಂದೂ ತಿಳಿಸಿದನು. ಅಮಲಿನಲ್ಲಿದ್ದ ಸುಲ್ತಾನನು ವಿಚಾರಣೆ ನಡೆಸಲಿಲ್ಲ. 1481ರ ಏಪ್ರಿಲ್ 5ರಂದು ಕೊಂಡಪಲ್ಲಿಯ ಬೀಡಿನಲ್ಲಿ, ಎಪ್ಪತ್ತರ ಆ ವೃದ್ಧನ ಶಿರಚ್ಛೇದವಾಯಿತು.

ಅವನ ಭಂಡಾರವನ್ನು ತೆರೆದವರಿಗೆ ಐಶ್ವರ್ಯ ಸಿಕ್ಕಲಿಲ್ಲ. ಚರಿತ್ರೆಕಾರ ಫಿರಿಷ್ತಾ ಹೇಳುವಂತೆ, ಗವಾನನು ಸ್ವಂತ ವ್ಯಾಪಾರದ ಅಲ್ಪ ಲಾಭದಿಂದ ಜೀವಿಸಿ, ಚಾಪೆಯ ಮೇಲೆ ಮಲಗಿ, ಮಿಕ್ಕುದನ್ನು ಬಡವರಿಗೆ ಹಂಚುತ್ತಿದ್ದನು. ಸುಲ್ತಾನನು ಪಶ್ಚಾತ್ತಾಪಪಟ್ಟನಾದರೂ ಮರುವರ್ಷವೇ ತೀರಿಕೊಂಡನು. ಬಹಮನಿ ರಾಜ್ಯವು ಕೆಲವೇ ದಶಕಗಳಲ್ಲಿ ಐದು ಹೋಳಾಯಿತು.

ನಮ್ಮ ಸೊಲ್ಲಾಪುರ ಸೀಮೆಯೂ ಅಂದು ಆ ರಾಜ್ಯದೊಳಗೇ ಇತ್ತು. ಹದಿನೇಳನೆಯ ಶತಮಾನದ ಅಂತ್ಯದಲ್ಲಿ ಸಿಡಿಮದ್ದು ಸ್ಫೋಟಿಸಿ ಮದರಸಾದ ಅರೆಭಾಗ ನೆಲಸಮವಾಯಿತು. ಒಂದು ಮಿನಾರು ಮಾತ್ರ ಉಳಿಯಿತು. ಗಡಿಯಾಚೆಯ ಈ ನೆಲದಲ್ಲಿ ನೂರು ವರ್ಷ ಕನ್ನಡದ ಪಾಠ ನಿಲ್ಲದಂತೆ ನೋಡಿಕೊಂಡ ಪೋಷಕರೂ ಹಳೆಯ ವಿದ್ಯಾರ್ಥಿಗಳೂ ಬೀದರಿಗೆ ಹೋದಾಗ ಆ ಮಿನಾರಿನ ಬಳಿ ಕ್ಷಣಕಾಲ ನಿಲ್ಲಬೇಕು. ಶಾಲೆ ಕಟ್ಟುವುದು ಒಬ್ಬನಿಂದಲೂ ಆದೀತು. ಅದನ್ನು ಉಳಿಸಿಕೊಳ್ಳಲು ತಲೆಮಾರುಗಳೇ ಬೇಕು.