ಅರಮನೆಯಿಂದ ಅರಫಾದ ಬಯಲಿಗೆ

ಮನೆಗೆಲಸದ ಹೆಂಗಸು ಅಡಿಗೆಮನೆಯ ಮೂಲೆಯಲ್ಲಿ ನಮಾಝ್ ಮಾಡುತ್ತಿರುವಾಗ ಒಡೆಯರ ಪುಟ್ಟ ಮಗಳು ಬಾಗಿಲಲ್ಲಿ ನಿಂತು ನೋಡುತ್ತಿದ್ದರೆ ಯಾರೂ ಅದಕ್ಕೆ ಹೆಚ್ಚಿನ ಗಮನ ಕೊಡುವುದಿಲ್ಲ. ಮಕ್ಕಳು ಏನನ್ನೋ ನೋಡುತ್ತಾರೆ, ಮರೆಯುತ್ತಾರೆ ಎಂದು ನಾವು ಸುಮ್ಮನಾಗುತ್ತೇವೆ. ಹತ್ತೊಂಬತ್ತನೆಯ ಶತಮಾನದ ಬ್ರಿಟನ್ನಿನ ಒಬ್ಬ ದೊಡ್ಡ ಜಹಗೀರುದಾರನೂ ಹಾಗೆಯೇ ಸುಮ್ಮನಿದ್ದ. ಆತನ ಮಗಳು ಮುಂದೆ ತನ್ನ 65ನೆಯ ವಯಸ್ಸಿನಲ್ಲಿ ಇಹ್ರಾಮ್ ಧರಿಸಿ ಕಅಬಾದ ಮುಂದೆ ನಿಂತಳು. ಅವರ ಹೆಸರು ಲೇಡಿ ಎವೆಲಿನ್ ಕಾಬೋಲ್ಡ್. ಅವರು ಇಟ್ಟುಕೊಂಡ ಮುಸ್ಲಿಮ್ ಹೆಸರು ಝೈನಬ್.

ಎವೆಲಿನ್ 1867ರ ಜುಲೈ 17ರಂದು ಸ್ಕಾಟ್‌ಲೆಂಡಿನ ಎಡಿನ್‌ಬರೋದಲ್ಲಿ ಜನಿಸಿದರು. ತಂದೆ ಚಾರ್ಲ್ಸ್ ಅಡಾಲ್ಫಸ್ ಮರ್ರೆ, ಡನ್‌ಮೋರ್ ಮನೆತನದ ಏಳನೆಯ ಅರ್ಲ್. ವಿಕ್ಟೋರಿಯಾ ರಾಣಿಯ ಆಸ್ಥಾನದಲ್ಲಿ ಸೇವೆಯಲ್ಲಿದ್ದವರು. ತಾಯಿ ಗರ್ಟ್ರೂಡ್ ಕೂಡಾ ಒಬ್ಬ ಅರ್ಲ್‌ನ ಮಗಳು. ಸ್ಕಾಟ್‌ಲೆಂಡಿನ ಪಶ್ಚಿಮ ಕಡಲಿನ ಹ್ಯಾರಿಸ್ ದ್ವೀಪ ಈ ಮನೆತನದ ಒಡೆತನದಲ್ಲಿತ್ತು. ಇಂದಿಗೂ ಕೋಟಿನ ಅಂಗಡಿಗಳಲ್ಲಿ ಹೆಸರು ಕೇಳುವ ಹ್ಯಾರಿಸ್ ಟ್ವೀಡ್ ಎಂಬ ಉಣ್ಣೆಯ ಬಟ್ಟೆಯನ್ನು ಹೊರಜಗತ್ತಿಗೆ ಪರಿಚಯಿಸಿದವರು ಎವೆಲಿನ್‌ರ ಅಜ್ಜಿಯೇ. ತಂದೆಗೆ ಒಂದೆಡೆ ಕುಳಿತು ಅಭ್ಯಾಸವಿರಲಿಲ್ಲ. ಪಾಮಿರ್ ಪರ್ವತಗಳಲ್ಲಿ ಅಲೆದು ಪುಸ್ತಕ ಬರೆದ ಮನುಷ್ಯ. ಆತ ಚಳಿಗಾಲ ಬಂತೆಂದರೆ ಸಂಸಾರವನ್ನು ಕಟ್ಟಿಕೊಂಡು ಉತ್ತರ ಆಫ್ರಿಕಕ್ಕೆ ಹೊರಡುತ್ತಿದ್ದ.

ಹೀಗೆ ಬಾಲಕಿ ಎವೆಲಿನ್ ಅಲ್ಜಿಯರ್ಸ್ ನಗರದ ಹೊರಗಿನ ಗುಡ್ಡದ ಮೇಲಿನ ಒಂದು ಹಳೆಯ ಮೂರಿಶ್ ಬಂಗಲೆಗೆ ಬಂದಳು. ಅಲ್ಜೀರಿಯಾ 1830ರಿಂದಲೇ ಫ್ರೆಂಚರ ವಶದಲ್ಲಿತ್ತು. ಯುರೋಪಿನವರು ಮೇಲೆ, ಅರಬರು ಕೆಳಗೆ ಎಂಬ ಕಾಲ. ಆದರೆ ಮಕ್ಕಳಿಗೆ ಈ ಲೆಕ್ಕ ಗೊತ್ತಿರುವುದಿಲ್ಲವಷ್ಟೆ. ಎವೆಲಿನ್ ಆಯಾಗಳ ಜೊತೆ, ಅಲ್ಜೀರಿಯಾದ ಗೆಳತಿಯರ ಜೊತೆ ಬೆರೆತು ಅರಬಿ ಮಾತನಾಡಲು ಕಲಿತಳು. ಮನೆಯಲ್ಲಿ ಪಾಠ ಹೇಳಲು ನೇಮಿಸಿದ್ದ ಶಿಕ್ಷಕಿಯ ಕಣ್ಣು ತಪ್ಪಿಸಿ ಅವರೊಡನೆ ಮಸೀದಿಗಳಿಗೆ ಓಡುವುದು ಆಕೆಯ ಅತ್ಯಂತ ಪ್ರಿಯವಾದ ಆಟವಾಗಿತ್ತು. ಅವರು ಸುಜೂದ್‌ಗೆ ಬಾಗಿದಂತೆ ತಾನೂ ಬಾಗುತ್ತಿದ್ದಳು. ಆ ದಿನಗಳಲ್ಲಿ ತಾನು ಅರಿಯದೆಯೇ ಹೃದಯದಲ್ಲಿ ಒಬ್ಬ ಪುಟ್ಟ ಮುಸ್ಲಿಮಳಾಗಿದ್ದೆ ಎಂಬರ್ಥದ ಮಾತನ್ನು ಅವರು ಮುಪ್ಪಿನಲ್ಲಿ ಬರೆದಿದ್ದಾರೆ.

ಆ ಆಯಾಗಳ ಹೆಸರನ್ನು ಯಾರೂ ಬರೆದಿಡಲಿಲ್ಲ. ಅರ್ಲ್‌ಗಳ ವಂಶಾವಳಿಗೆ ದಪ್ಪ ದಪ್ಪ ಪುಸ್ತಕಗಳಿವೆ. ದಅ್‌ವಾ ಎಂಬ ಪದವನ್ನೇ ಬಹುಶಃ ಬಾಯಲ್ಲಿ ಆಡದ, ಸಂಬಳಕ್ಕೆ ದುಡಿಯುತ್ತಿದ್ದ ಆ ಹೆಂಗಸರು ತಮ್ಮ ಪಾಡಿಗೆ ತಾವು ವುಝೂ ಮಾಡಿ ನಮಾಝ್‌ಗೆ ನಿಂತರು. ಒಂದು ಮಗು ನೋಡಿತು. ನಡೆದದ್ದು ಇಷ್ಟೇ.

ಕೆಲವು ಚಳಿಗಾಲ ಕಳೆದ ಮೇಲೆ ಕುಟುಂಬ ಅಲ್ಜಿಯರ್ಸನ್ನು ಶಾಶ್ವತವಾಗಿ ಬಿಟ್ಟಿತು. ಹುಡುಗಿಗೆ ಬಹಳ ದುಃಖವಾಯಿತು. ಆದರೆ ಕಾಲ ಯಾರನ್ನು ಬಿಡುತ್ತದೆ? ಗೆಳತಿಯರು ಮರೆತುಹೋದರು, ಮಸೀದಿ ಮರೆತುಹೋಯಿತು, ಅರಬಿ ಭಾಷೆಯೂ ನಾಲಗೆಯಿಂದ ಜಾರಿತು. ವಿದೇಶದಲ್ಲಿ ಮಕ್ಕಳನ್ನು ಬೆಳೆಸುತ್ತಿರುವ ತಂದೆತಾಯಂದಿರಿಗೆ ಇದು ಹೊಸ ಸಂಗತಿಯಲ್ಲ.

ಕೆಲವು ವರ್ಷಗಳ ಬಳಿಕ ರೋಮ್ ನಗರದಲ್ಲಿ ಒಂದು ಘಟನೆ ನಡೆಯಿತು. ಎವೆಲಿನ್ ಅಲ್ಲಿ ಇಟಲಿಯ ಸ್ನೇಹಿತರ ಮನೆಯಲ್ಲಿ ಅತಿಥಿಯಾಗಿದ್ದರು. ಆ ಸ್ನೇಹಿತರು ಅವರನ್ನು ಪೋಪರ ಭೇಟಿಗೆ ಕರೆದೊಯ್ದರು. ಪೋಪರು ಸಹಜವಾಗಿ ನೀವು ಕ್ಯಾಥೊಲಿಕರೇ ಎಂದು ವಿಚಾರಿಸಿದರು. ಒಂದು ಕ್ಷಣ ಏನು ಹೇಳಬೇಕೆಂದು ತೋಚದೆ ನಿಂತ ಎವೆಲಿನ್, ತಾನು ಮುಸ್ಲಿಮಳು ಎಂದುಬಿಟ್ಟರು! ಎಷ್ಟೋ ವರ್ಷಗಳಿಂದ ಇಸ್ಲಾಮಿನ ವಿಚಾರವೇ ಅವರ ತಲೆಯಲ್ಲಿ ಇರಲಿಲ್ಲ. ಆ ಉತ್ತರ ಎಲ್ಲಿಂದ ಬಂತೆಂದು ಅವರಿಗೇ ತಿಳಿಯಲಿಲ್ಲ. ಅಲ್ಲಿಂದ ಹಿಂದಿರುಗಿದ ಮೇಲೆ ಈ ಧರ್ಮವನ್ನು ಓದಿ ತಿಳಿಯಲೇಬೇಕೆಂದು ನಿಶ್ಚಯಿಸಿದರು. ಪ್ರತಿ ಮಗುವೂ ಫಿತ್ರತ್‌ನೊಂದಿಗೆ ಹುಟ್ಟುತ್ತದೆ ಎಂದು ನಾವು ಮದ್ರಸದಲ್ಲಿ ಹೇಳಿಕೊಡುತ್ತೇವೆ. ಓದಿದಂತೆಲ್ಲ ಅವರಿಗೂ ಅನಿಸಿದ್ದು ಅದೇ. ತಾನು ಯಾವ ದಿನ ಮುಸ್ಲಿಮಳಾದೆನೆಂದು ಹೇಳಲಾರೆ, ಯಾವಾಗಲೂ ಆಗಿಯೇ ಇದ್ದೆನೆಂದು ತೋರುತ್ತದೆ ಎಂಬುದು ಅವರ ನಿಲುವಾಗಿತ್ತು.

ಆದರೆ, ಬಂಧುಗಳೇ, ಇದರಿಂದ ಅವರ ಬದುಕು ರಾತ್ರಿ ಬೆಳಗಾಗುವುದರೊಳಗೆ ಬದಲಾಯಿತೆಂದು ತಿಳಿಯಬೇಡಿ. 1891ರಲ್ಲಿ ಕೈರೋದ ಆಲ್ ಸೇಂಟ್ಸ್ ಚರ್ಚಿನಲ್ಲಿ ಜಾನ್ ಡುಪುಯಿ ಕಾಬೋಲ್ಡ್ ಎಂಬವರೊಡನೆ ಅವರ ವಿವಾಹವಾಯಿತು. ವರ ಇಂಗ್ಲೆಂಡಿನ ಇಪ್ಸ್‌ವಿಚ್‌ನ ಆಗರ್ಭ ಶ್ರೀಮಂತ. ಸಂಪತ್ತಿನ ಮೂಲ ಯಾವುದು ಗೊತ್ತೇ? ಬಿಯರ್ ಕಾರ್ಖಾನೆ! 1723ರಿಂದ ನಡೆದುಬಂದ ಮನೆತನದ ಉದ್ಯಮ ಅದು. ಹಾಲಿವೆಲ್ಸ್ ಎಂಬ ಭವನ, ಮೂವರು ಮಕ್ಕಳು, ಸೇವಕರ ಪಡೆ, ಲಂಡನ್ನಿನ ಔತಣಕೂಟಗಳು, ಗಣ್ಯರ ಒಡನಾಟ. ಎವೆಲಿನ್ ಇವೆಲ್ಲದರ ನಡುವೆ ಮೆರೆದವರು. ಬಂದೂಕು ಹಿಡಿದು ಸ್ಕಾಟ್‌ಲೆಂಡಿನ ಬೆಟ್ಟಗಳಲ್ಲಿ ಜಿಂಕೆಯ ಬೆನ್ನುಹತ್ತುವುದರಲ್ಲಿ ಗಂಡಸರನ್ನು ಮೀರಿಸಿದವರು. ಗಾಳ ಹಾಕಿ ಸಾಲ್ಮನ್ ಮೀನು ಹಿಡಿಯುವುದರಲ್ಲಿಯೂ ಹೆಸರಾದವರು. ಸಂಸಾರವನ್ನು ಬಿಟ್ಟು ತಿಂಗಳುಗಟ್ಟಲೆ ಪ್ರಯಾಣ ಹೋಗುತ್ತಿದ್ದರು. ನೆಂಟರಿಷ್ಟರು ಅವರನ್ನು ಒಂದು ತರಹದ ವಿಚಿತ್ರ ಹೆಂಗಸೆಂದು ಭಾವಿಸಿದ್ದರಲ್ಲಿ ಆಶ್ಚರ್ಯವಿಲ್ಲ.

ನನ್ನ ತರಗತಿಯಲ್ಲಿ ಈ ಕಥೆ ಹೇಳಿದಾಗ ಒಬ್ಬ ಹುಡುಗ ಎದ್ದು ನಿಂತು, ಉಸ್ತಾದ್, ಮದ್ಯದ ದುಡ್ಡಿನಲ್ಲಿ ಬದುಕಿದವರ ಕಥೆಯನ್ನು ನಾವೇಕೆ ಕೇಳಬೇಕು ಎಂದ. ಕೇಳಬೇಕಾದ ಪ್ರಶ್ನೆಯೇ. ಹರಾಮ್ ಹರಾಮೇ. ಅದನ್ನು ಯಾರ ಸಲುವಾಗಿಯೂ ಸಡಿಲಿಸಲಾಗದು. ಆದರೆ ನಾವು ಹುಟ್ಟಿದ ಮನೆಯಲ್ಲಿ ಕಲಿಮಾ ತೊಟ್ಟಿಲಿಗೇ ಬಂದಿತ್ತು. ಅವರು ಹುಟ್ಟಿದ ಮನೆಯಲ್ಲಿ, ಮದುವೆಯಾಗಿ ಹೋದ ಮನೆಯಲ್ಲಿ ಅದನ್ನು ಅರಿತ ಇನ್ನೊಬ್ಬರು ಇರಲಿಲ್ಲ. ಸ್ವತಃ ತಂದೆ ಮತ್ತು ಸಹೋದರಿಯರು ಆಗ ಅಮೆರಿಕದಿಂದ ಬಂದ ಕ್ರಿಶ್ಚಿಯನ್ ಸೈನ್ಸ್ ಎಂಬ ಹೊಸ ಪಂಥವನ್ನು ಸೇರಿದರು. ಎವೆಲಿನ್ ಸೇರಲಿಲ್ಲ.

1911ರಲ್ಲಿ ಅಮೆರಿಕದ ಒಬ್ಬ ಗೆಳತಿಯೊಂದಿಗೆ ಈಜಿಪ್ಟಿನ ಪಶ್ಚಿಮದ ಮರುಭೂಮಿಯಲ್ಲಿ ಒಂಟೆಯೇರಿ ಗುಡಾರಗಳಲ್ಲಿ ತಂಗಿ ಸಂಚರಿಸಿದರು. ಮರುವರ್ಷವೇ ಆ ಪ್ರವಾಸದ ಪುಸ್ತಕವನ್ನು ಪ್ರಕಟಿಸಿದರು. ಅರಬ್ ನಾಡಿನ ಪರಿಚಿತರು 1914-15ರ ಹೊತ್ತಿಗೆ ಪತ್ರಗಳಲ್ಲಿ ಅವರನ್ನು ಇಸ್ಲಾಮಿನ ಸಹೋದರಿ ಎಂದೇ ಸಂಬೋಧಿಸತೊಡಗಿದ್ದರು.

ಆ ದಿನಗಳ ಒಂದು ಸ್ವಾರಸ್ಯಕರ ಪ್ರಸಂಗವಿದೆ. ಮಾರ್ಮಡ್ಯೂಕ್ ಪಿಕ್ತಾಲ್ ಅವರ ಹೆಸರು ನಿಮಗೆ ಗೊತ್ತೇ ಇದೆ. ಕುರ್‌ಆನನ್ನು ಇಂಗ್ಲಿಷಿಗೆ ಅನುವಾದಿಸಿದ ಮಹನೀಯರು. ಕಲಬುರಗಿ, ಬೀದರ್, ರಾಯಚೂರು ನಿಜಾಮರ ಸಂಸ್ಥಾನದಲ್ಲಿದ್ದಾಗ ಹೈದರಾಬಾದಿನ ಒಂದು ಪ್ರೌಢಶಾಲೆಯ ಮುಖ್ಯೋಪಾಧ್ಯಾಯರಾಗಿ ಬಂದವರು. 1930ರಲ್ಲಿ ಪ್ರಕಟವಾದ ಆ ಅನುವಾದ ನಿಜಾಮರ ನೆರವಿನಿಂದ ಪೂರ್ಣಗೊಂಡಿತು. 1914ರಲ್ಲಿ ಅವರಿನ್ನೂ ಇಸ್ಲಾಮ್ ಸ್ವೀಕರಿಸಿರಲಿಲ್ಲ, ಮನಸ್ಸು ಮಾತ್ರ ವಾಲಿತ್ತು. ಲಂಡನ್ನಿನ ಕ್ಲಾರಿಜಸ್ ಎಂಬ ದೊಡ್ಡ ಹೋಟೆಲಿನಲ್ಲಿ ಊಟಕ್ಕೆ ಕುಳಿತಿದ್ದಾಗ ಲೇಡಿ ಎವೆಲಿನ್ ಅವರನ್ನು ಒತ್ತಾಯಿಸತೊಡಗಿದರು: ಇನ್ನೇಕೆ ತಡ, ಇಲ್ಲೇ ಶಹಾದತ್ ಹೇಳಿಬಿಡಿ, ಬಡಿಸುತ್ತಿರುವ ವೇಟರುಗಳೇ ಸಾಕ್ಷಿಯಾಗಲಿ! ನಮ್ಮ ಫಿಕ್ಹ್ ಉಸ್ತಾದರು ಇದನ್ನು ಕೇಳಿದರೆ ಗಡ್ಡದೊಳಗೇ ನಕ್ಕಾರು. ಪಿಕ್ತಾಲ್ ಅಂದು ಒಪ್ಪಲಿಲ್ಲ. 1917ರಲ್ಲಿ ಬಹಿರಂಗವಾಗಿ ಘೋಷಿಸಿದರು.

1922ರಲ್ಲಿ ಎವೆಲಿನ್ ಪತಿಯಿಂದ ಬೇರೆಯಾದರು. ವಾಯವ್ಯ ಸ್ಕಾಟ್‌ಲೆಂಡಿನ ಗ್ಲೆನ್‌ಕ್ಯಾರನ್ ಎಂಬ ವಿಶಾಲವಾದ ಬೆಟ್ಟಗಾಡು ಅವರ ಆಸ್ತಿಯಾಯಿತು. 1929ರಲ್ಲಿ ಪತಿ ತೀರಿಕೊಂಡರು. ಮಕ್ಕಳು ತಮ್ಮ ತಮ್ಮ ದಾರಿ ಹಿಡಿದಿದ್ದರು. ಆಗ ಅವರ ಮನಸ್ಸಿನಲ್ಲಿ ಹಜ್ಜ್‌ನ ಬಯಕೆ ಬಲವಾಯಿತು.

ಅದಕ್ಕೆ ಮುಂಚೆ ಮಕ್ಕಾ ತಲಪಿದ ಯುರೋಪಿಯನ್ನರ ಕಥೆ ಬೇರೆ. 1814ರಲ್ಲಿ ಬರ್ಕ್‌ಹಾರ್ಟ್, 1853ರಲ್ಲಿ ರಿಚರ್ಡ್ ಬರ್ಟನ್ ಬೇರೆ ಹೆಸರಿಟ್ಟುಕೊಂಡು, ವೇಷ ಹಾಕಿಕೊಂಡು ಹೋದರು. ಎವೆಲಿನ್ ಹಾಗೆ ಹೋಗಲಿಲ್ಲ. ಲಂಡನ್ನಿನಲ್ಲಿದ್ದ ಸೌದಿ ರಾಯಭಾರಿ ಶೇಖ್ ಹಾಫಿಝ್ ವಹಬಾ ಅವರ ಮೂಲಕ ದೊರೆ ಇಬ್ನ್ ಸಊದರಿಗೆ ಅರಿಕೆ ಕಳಿಸಿ, 1933ರ ಫೆಬ್ರವರಿ ಕೊನೆಯಲ್ಲಿ ಜಿದ್ದಾಕ್ಕೆ ಬಂದಿಳಿದು, ಇಸ್ಲಾಮ್ ಸ್ವೀಕರಿಸಿದ್ದ ಆಂಗ್ಲ ಅಧಿಕಾರಿ ಫಿಲ್ಬಿಯವರ ಮನೆಯಲ್ಲಿ ಅಪ್ಪಣೆಗಾಗಿ ಕಾದು ಕುಳಿತರು.

ಇಂದಿನ ಜಿದ್ದಾವನ್ನು ಕಣ್ಣಿಗೆ ತಂದುಕೊಳ್ಳಬೇಡಿ. ಸುತ್ತ ಗೋಡೆಯಿದ್ದ ಸಣ್ಣ ಬಂದರು. ಸಮುದ್ರದ ನೀರನ್ನು ಭಟ್ಟಿ ಇಳಿಸಿ ಕುಡಿಯುತ್ತಿದ್ದ ಊರು. ತೈಲ ಇನ್ನೂ ಸಿಕ್ಕಿರಲಿಲ್ಲ, ಅಮೆರಿಕದ ಕಂಪೆನಿಯೊಂದಿಗೆ ಅದರ ಒಪ್ಪಂದಕ್ಕೆ ಸಹಿ ಬಿದ್ದದ್ದು ಅದೇ ವರ್ಷ ಮೇ ತಿಂಗಳಲ್ಲಿ. ರಾಜ್ಯದ ವರಮಾನವೆಲ್ಲ ಹಾಜಿಗಳಿಂದ ಬರಬೇಕಿತ್ತು. ಜಗತ್ತಿನಾದ್ಯಂತ ಆರ್ಥಿಕ ಮುಗ್ಗಟ್ಟು ಬಂದು ಹಾಜಿಗಳ ಸಂಖ್ಯೆಯೂ ಕುಸಿದಿತ್ತು. ನಮ್ಮೂರುಗಳ ಹಿರಿಯರು ಮುಂಬಯಿಯಿಂದ ಹಡಗು ಹತ್ತಿ, ಹಿಂದಿರುಗುವ ಖಾತ್ರಿಯಿಲ್ಲದೆ ಮನೆಯವರಲ್ಲಿ ಕ್ಷಮೆ ಕೇಳಿ ಹೊರಡುತ್ತಿದ್ದ ಕಾಲ ಅದು.

ವಾರಗಳು ಕಳೆದವು. ಬಯಸಿದ್ದನ್ನೆಲ್ಲ ಕೊಂಡುಕೊಂಡು ಅಭ್ಯಾಸವಿದ್ದವರಿಗೆ ಕಾಯುವುದು ಸುಲಭವಲ್ಲ. ಹಣ ಕೊಟ್ಟು ತೆರೆಸಬಹುದಾದ ಬಾಗಿಲಾಗಿರಲಿಲ್ಲ ಅದು. ಮುಂದೆ ದೊರೆಯಾದ ರಾಜಕುಮಾರ ಫೈಸಲ್ ಒಮ್ಮೆ ಫಿಲ್ಬಿಯವರ ಮನೆಗೆ ಬಂದಾಗ ಅವರನ್ನು ಕಂಡರು. ಕೊನೆಗೂ ಅನುಮತಿ ಬಂತು. ಮಾರ್ಚ್ ತಿಂಗಳಲ್ಲಿ ಬಾಡಿಗೆ ಕಾರೊಂದರಲ್ಲಿ ಮೊದಲು ಮದೀನಾಕ್ಕೆ ಹೊರಟರು. ಮರಳಿನಲ್ಲಿ ಚಕ್ರ ಹೂತುಹೋಗುವ ದಾರಿ. ದಾರಿಯುದ್ದಕ್ಕೂ ಸುಡುಬಿಸಿಲಿನಲ್ಲಿ ಕಾಲ್ನಡಿಗೆಯಲ್ಲಿ ಹೋಗುತ್ತಿದ್ದ ಬಡ ಯಾತ್ರಿಕರನ್ನು ಕಾರಿನೊಳಗಿನಿಂದ ಕಂಡರು.

ಪ್ರವಾದಿವರ್ಯರ(ಸ) ನಗರದಲ್ಲಿ ಅವರು ಉಳಿದುಕೊಂಡದ್ದು ಒಂದು ಮನೆಯ ಹೆಂಗಸರ ಅಂತಃಪುರದಲ್ಲಿ. ಬರ್ಟನ್‌ನಂಥವರಿಗೆ ಎಷ್ಟು ವೇಷ ಹಾಕಿದರೂ ಕಾಣಸಿಗದ ಲೋಕ ಅದು. ಯುರೋಪಿನ ಪುಸ್ತಕಗಳು ಕಟ್ಟಿದ್ದ ಅಂತಃಪುರದ ಕಲ್ಪನೆ ಮತ್ತು ಅವರ ಕಣ್ಣೆದುರಿನ ಅಂತಃಪುರ ಎರಡೂ ಬೇರೆ ಬೇರೆಯಾಗಿದ್ದವು. ಅಲ್ಲಿ ಇದ್ದದ್ದು ಮಕ್ಕಳನ್ನು ಎತ್ತಿಕೊಂಡ, ಅತಿಥಿಗೆ ಬಡಿಸುವ, ನಗುವ, ಕುತೂಹಲದಿಂದ ನೂರು ಪ್ರಶ್ನೆ ಕೇಳುವ ಹೆಂಗಸರು. ಅಲ್ಜಿಯರ್ಸಿನ ಬಂಗಲೆಯಲ್ಲಿ ಅವರಿಗೆ ದೀನ್‌ನ ಮೊದಲ ಪರಿಚಯ ಮಾಡಿಕೊಟ್ಟವರೂ ಇಂಥವರೇ.

ಬಳಿಕ ಮಕ್ಕಾ. ಬರಿಗಾಲಲ್ಲಿ ತವಾಫ್, ಝಮ್‌ಝಮ್, ಸಫಾ ಮರ್ವಾಗಳ ನಡುವಿನ ಸಅ್‌ಯ್. ಅರ್ಲ್‌ನ ಮಗಳೆಂದು ಯಾರೂ ಅಲ್ಲಿ ದಾರಿ ಬಿಡಲಿಲ್ಲ, ಬಿಡಬೇಕಾಗಿಯೂ ಇರಲಿಲ್ಲ. ಏಪ್ರಿಲ್ ಮೊದಲ ವಾರದಲ್ಲಿ ಅರಫಾದ ಬಯಲಿನಲ್ಲಿ ನಿಂತಾಗ ಸುತ್ತಲಿನ ಜನ ಕೈಯೆತ್ತಿ ಅಳುತ್ತಿದ್ದರು. ಆ ಜನಸಾಗರದಲ್ಲಿ ತಾನೊಂದು ಚಿಕ್ಕ ಕಣವೆಂದು ಅವರಿಗೆ ಅನಿಸಿತು. ಅದನ್ನು ಬಣ್ಣಿಸಲು ತನ್ನ ಲೇಖನಿಗೆ ಶಕ್ತಿಯಿಲ್ಲವೆಂದು ಒಪ್ಪಿಕೊಂಡರು. ಲಂಡನ್ನಿನ ಯಾವ ಕೂಟಕ್ಕೆ ಹೋದರೂ ಎಲ್ಲರ ಕಣ್ಣು ತನ್ನ ಮೇಲೆ ಬೀಳುವಂತೆ ಬದುಕಿದ್ದವರು ಅವರು.

1934ರಲ್ಲಿ ಅವರ ಹಜ್ಜ್ ಕಥನ ಲಂಡನ್ನಿನಲ್ಲಿ ಪ್ರಕಟವಾಯಿತು. ಬ್ರಿಟನ್ನಿನಲ್ಲಿ ಹುಟ್ಟಿ ಇಸ್ಲಾಮ್ ಸ್ವೀಕರಿಸಿದ ಸ್ತ್ರೀಯರಲ್ಲಿ ಹಜ್ಜ್ ನಿರ್ವಹಿಸಿದ ಮೊದಲಿಗರೆಂದು ಅವರ ಹೆಸರು ದಾಖಲಾಗಿದೆ. ಪುಸ್ತಕದಲ್ಲಿ ಯಾತ್ರೆಯ ವಿವರಗಳ ಜೊತೆಗೆ ಇಸ್ಲಾಮಿನ ಇತಿಹಾಸ, ಸ್ತ್ರೀಯರಿಗೆ ಅದು ಕೊಟ್ಟ ಹಕ್ಕುಗಳು, ಯುರೋಪಿನವರ ತಪ್ಪು ಕಲ್ಪನೆಗಳು ಇವುಗಳ ಬಗ್ಗೆಯೂ ಪುಟಗಟ್ಟಲೆ ಬರೆದರು. ಬಹುಕಾಲ ಮರೆತುಹೋಗಿದ್ದ ಆ ಪುಸ್ತಕ 2008ರಲ್ಲಿ ಮರುಮುದ್ರಣಗೊಂಡಿದೆ.

ಸ್ಕಾಟ್‌ಲೆಂಡಿಗೆ ಮರಳಿದ ಮೇಲೆ ಅವರು ಪರ್ದಾ ಪಾಲಿಸಲಿಲ್ಲ, ಬೇಟೆಯನ್ನೂ ಬಿಡಲಿಲ್ಲ. ನಮ್ಮ ಮನೆಯ ಹಜ್ಜುಮ್ಮಂದಿರ ಹಾಗೆ ತಸ್ಬೀಹ್ ಹಿಡಿದು ಕುಳಿತ ಚಿತ್ರ ಅವರದಲ್ಲ. ಇದನ್ನು ಮರೆಮಾಚಿ ಬರೆಯುವುದು ನನಗೆ ಇಷ್ಟವಿಲ್ಲ. ಆದರೆ ಬಾಂಗ್ ಕೇಳಿಸದ ಬೆಟ್ಟಗಳ ನಡುವೆ, ಸಲಾಮ್ ಹೇಳಲು ಒಬ್ಬ ನೆರೆಯವರೂ ಇಲ್ಲದೆ, ಮಕ್ಕಳಲ್ಲಿ ಒಬ್ಬರೂ ತನ್ನ ವಿಶ್ವಾಸಕ್ಕೆ ಬಾರದೆ ಇನ್ನೂ ಮೂವತ್ತು ವರ್ಷ ಅವರು ಬದುಕಿದರು. ಓಣಿಗೊಂದು ಮಸೀದಿಯಿರುವ ನಾವು ಅವರ ಕೊರತೆಗಳನ್ನು ಎಣಿಸಲು ಕೂರುವುದು ಅಷ್ಟು ಸರಿಯಾಗಿ ಕಾಣುವುದಿಲ್ಲ. ಅಲ್ಲಾಹನು ಅವರನ್ನೂ ನಮ್ಮನ್ನೂ ಕ್ಷಮಿಸಲಿ.

ದ್ವಿತೀಯ ಮಹಾಯುದ್ಧದಲ್ಲಿ ಅವರಿಗೆ ದೊಡ್ಡ ಆಘಾತವಾಯಿತು. 1944ರ ಜೂನ್ 18, ಭಾನುವಾರ, ಲಂಡನ್ನಿನ ಸೇನಾ ಚರ್ಚೊಂದರಲ್ಲಿ ಪ್ರಾರ್ಥನೆ ನಡೆಯುತ್ತಿದ್ದಾಗ ಜರ್ಮನರ ಹಾರುವ ಬಾಂಬ್ ಅಪ್ಪಳಿಸಿ ನೂರಕ್ಕೂ ಮಿಕ್ಕಿ ಜನ ಸತ್ತರು. ಅವರಲ್ಲಿ ಎವೆಲಿನ್‌ರ ಒಬ್ಬನೇ ಮಗನೂ ಇದ್ದ. ತಾಯಿಗೆ ಆಗ 76 ವರ್ಷ.

1963ರ ಜನವರಿಯಲ್ಲಿ ಇನ್ವರ್‌ನೆಸ್ ಪಟ್ಟಣದಲ್ಲಿ, 95ನೆಯ ವಯಸ್ಸಿನಲ್ಲಿ ಝೈನಬ್ ಕಾಬೋಲ್ಡ್ ಕೊನೆಯುಸಿರೆಳೆದರು. ಮುಖವನ್ನು ಕಿಬ್ಲಾದೆಡೆಗೆ ತಿರುಗಿಸಿ ಗ್ಲೆನ್‌ಕ್ಯಾರನ್ ಬೆಟ್ಟದಲ್ಲಿಯೇ ದಫನ ಮಾಡಬೇಕೆಂದು ಮೊದಲೇ ತಿಳಿಸಿಟ್ಟಿದ್ದರು. ಜನಾಝ ನಮಾಝ್ ಬಲ್ಲವರು ಆ ಸೀಮೆಯಲ್ಲಿ ಯಾರೂ ಇರಲಿಲ್ಲ. ಕುಟುಂಬದವರು ದಕ್ಷಿಣ ಇಂಗ್ಲೆಂಡಿನ ವೋಕಿಂಗ್ ಮಸೀದಿಗೆ ಹೇಳಿ ಕಳಿಸಿದರು. ಅದು 1889ರಲ್ಲಿ ಭೋಪಾಲದ ಶಾಹಜಹಾನ್ ಬೇಗಮರ ನೆರವಿನಿಂದ ಕಟ್ಟಿದ ಮಸೀದಿ. ಹಲವು ದಶಕಗಳಲ್ಲೇ ಕಂಡಿರದ ಚಳಿ. ಅಲ್ಲಿಂದ ಇಮಾಮರು ಹಿಮ ಮುಚ್ಚಿದ ರಸ್ತೆಗಳಲ್ಲಿ ಒಂಬೈನೂರು ಕಿಲೋಮೀಟರ್‌ಗೂ ಮಿಕ್ಕಿದ ದೂರ ಕಾರಿನಲ್ಲಿ ಬಂದರು. ಹೆಪ್ಪುಗಟ್ಟಿದ ನೆಲದ ಮೇಲೆ ಸ್ಕಾಟ್‌ಲೆಂಡಿನ ಕೊಳಲುಗಾರನೊಬ್ಬ ಅವರ ನಾಡಿನ ವಿಲಾಪ ರಾಗವನ್ನು ನುಡಿಸಿದ. ಬಂಧುಬಳಗದವರು, ಬೇಟೆಗೆ ಜೊತೆ ಹೋಗುತ್ತಿದ್ದ ಆಳುಗಳು ಟೊಪ್ಪಿ ತೆಗೆದು ನಿಂತರು. ಅವರಲ್ಲಿ ಯಾರಿಗೂ ಅರ್ಥವಾಗದ ಅರಬಿ ಭಾಷೆಯಲ್ಲಿ ಇಮಾಮರು ಪಾರಾಯಣ ಮಾಡಿದರು. ಗೋರಿಯ ಮೇಲಿನ ಕಲ್ಲಿನಲ್ಲಿ ಸೂರಃ ಅನ್ನೂರ್‌ನ 35ನೆಯ ಸೂಕ್ತವನ್ನು ಕೆತ್ತಿಸಲಾಯಿತು. ಗೋರಿ ಇಂದಿಗೂ ಆ ಬೆಟ್ಟದಲ್ಲಿದೆ. ಹತ್ತಿರದಲ್ಲಿ ಬೇರೆ ಖಬರ್‌ಗಳಿಲ್ಲ. ಆಸುಪಾಸಿನಲ್ಲಿ ಜಿಂಕೆಗಳು ಮೇಯುತ್ತವೆ.