ಮತಪಟ್ಟಿಗೆ ಹೆಸರು ಸೇರಿಸಲು ಹೋಗಿ ಮನೆ ಕಳೆದುಕೊಂಡ ಫ್ಯಾನಿ ಲೂ ಹೇಮರ್

ಅಮೆರಿಕದ ಮಿಸಿಸಿಪಿ ರಾಜ್ಯದ ಹತ್ತಿ ಹೊಲಗಳಲ್ಲಿ ಬಿಡಿಸಿದ ಹತ್ತಿಯ ತೂಕದ ಮೇಲೆ ಕೂಲಿ. ತಕ್ಕಡಿ ಮಾತ್ರ ಸಾಹುಕಾರನದು, ಅದರಲ್ಲಿ ಮೋಸ. ರೂಲ್‌ವಿಲ್ ಹತ್ತಿರದ ಜಮೀನೊಂದರಲ್ಲಿ ಲೆಕ್ಕ ಬರೆಯುತ್ತಿದ್ದ ಕಪ್ಪು ಹೆಣ್ಣುಮಗಳು ಫ್ಯಾನಿ ಲೂ ಹೇಮರ್, ಸಾಹುಕಾರ ಇಲ್ಲದಾಗ ತಾವೇ ತಂದ ಸರಿ ಬಟ್ಟು ಇಟ್ಟು ತೂಗೋರು. ಅವನು ಬರೋದು ಕಂಡರೆ ಬಚ್ಚಿಡೋರು.

1917ರಲ್ಲಿ ಹುಟ್ಟಿದ ಅವರು 20 ಮಕ್ಕಳಲ್ಲಿ ಕೊನೆಯವರು. ಪಾಲಿಗೆ ಹೊಲ ಮಾಡುವ ಕುಟುಂಬ, ಆರನೇ ವಯಸ್ಸಿಗೇ ಹತ್ತಿ ಬಿಡಿಸುವ ಕೆಲಸ. ತಮ್ಮಂಥವರಿಗೂ ಮತದ ಹಕ್ಕಿದೆ ಅಂತ ತಿಳಿದದ್ದು 1962ರಲ್ಲಿ, ಚರ್ಚಿನಲ್ಲಿ ನಡೆದ ಒಂದು ಸಭೆಯಲ್ಲಿ. ಆಗ ವಯಸ್ಸು 44.

ಅದೇ ಆಗಸ್ಟ್ 31ರಂದು 18 ಜನ ಬಸ್ಸಿನಲ್ಲಿ ಇಂಡಿಯನೋಲಾಕ್ಕೆ ಹೋದರು. ಹೆಸರು ಬರೆಸಬೇಕಾದರೆ ಪರೀಕ್ಷೆ. ರಾಜ್ಯ ಸಂವಿಧಾನದ ಒಂದು ಭಾಗ ಬರೆದು ಅರ್ಥ ಹೇಳಬೇಕು. ಪಾಸೋ ಫೇಲೋ ಹೇಳೋನು ಬಿಳಿಯ ಗುಮಾಸ್ತ. ಹೇಮರ್ ಫೇಲಾದರು. ವಾಪಸ್ ಬರುವಾಗ ಪೊಲೀಸರು ಬಸ್ ತಡೆದರು. ಕಾರಣ ಕೇಳಿದರೆ ನಗು ಬರುತ್ತೆ: ಬಸ್ಸಿನ ಬಣ್ಣ ಜಾಸ್ತಿ ಹಳದಿಯಂತೆ! ಎಲ್ಲರೂ ಕೈಯಲ್ಲಿದ್ದದ್ದು ಕೂಡಿಸಿ 30 ಡಾಲರ್ ದಂಡ ಕಟ್ಟಿದರು.

ಊರಿಗೆ ಬರುವಷ್ಟರಲ್ಲಿ ಸುದ್ದಿ ಸಾಹುಕಾರನಿಗೆ ಮುಟ್ಟಿತ್ತು. ಅರ್ಜಿ ವಾಪಸ್ ತಗೋ, ಇಲ್ಲವೇ ಜಾಗ ಖಾಲಿ ಮಾಡು ಅಂದ. 18 ವರ್ಷ ದುಡಿದ ಜಮೀನನ್ನು ಅವರು ಅವತ್ತೇ ರಾತ್ರಿ ಬಿಟ್ಟರು. ಆಸರೆ ಪಡೆದಿದ್ದ ಮನೆಯ ಮೇಲೆ ಹತ್ತೇ ದಿನಕ್ಕೆ 16 ಗುಂಡು ಹಾರಿದವು. ಅವರಿಗೆ ಏನೂ ಆಗಲಿಲ್ಲ.

1963ರ ಜನವರಿಯಲ್ಲಿ ಪರೀಕ್ಷೆ ಪಾಸಾಯಿತು. ಆದರೆ ಮತ ಹಾಕಲು ಹೋದರೆ, ಮತದ ತೆರಿಗೆಯ ಎರಡು ರಸೀದಿ ಎಲ್ಲಿ ಅಂತ ವಾಪಸ್ ಕಳಿಸಿದರು. ಅದೇ ಜೂನ್‌ನಲ್ಲಿ ವಿನೋನಾ ಜೈಲಿನಲ್ಲಿ ಬಿದ್ದ ಏಟು ಎಂಥದ್ದೆಂದರೆ ಮೂತ್ರಪಿಂಡ, ಕಣ್ಣು, ಕಾಲಿನ ತೊಂದರೆ ಸಾಯುವವರೆಗೂ ಹೋಗಲಿಲ್ಲ. ಹೊಡೆಯಲು ಪೊಲೀಸರು ಹಚ್ಚಿದ್ದು ಕಪ್ಪು ಕೈದಿಗಳನ್ನೇ!

1964ರ ಆಗಸ್ಟ್ 22ರಂದು ಅಟ್ಲಾಂಟಿಕ್ ಸಿಟಿಯ ಡೆಮಾಕ್ರಟಿಕ್ ಪಕ್ಷದ ಸಮಾವೇಶದಲ್ಲಿ ಇದನ್ನೆಲ್ಲ ಟಿವಿ ಕ್ಯಾಮೆರಾ ಮುಂದೆ ಹೇಳಿದರು. ಅಧ್ಯಕ್ಷ ಜಾನ್ಸನ್ ದಿಢೀರ್ ಪತ್ರಿಕಾಗೋಷ್ಠಿ ಕರೆದು ನೇರಪ್ರಸಾರ ತಪ್ಪಿಸಿದರೂ, ರಾತ್ರಿ ಚಾನೆಲ್‌ಗಳು ಅದನ್ನೇ ಹಾಕಿದವು. ಮಿಸಿಸಿಪಿಯ ಪಕ್ಷ ಬಿಳಿಯರದ್ದೇ ಆಗಿದ್ದರಿಂದ ಅದರ ಜಾಗ ತಮಗೆ ಕೊಡಿ ಅಂತ ಹೇಮರ್ ಬಳಗ ಕೇಳಿತ್ತು. ಎರಡು ಸೀಟು ಕೊಡ್ತೀವಿ, ಸುಮ್ಮನಿರಿ ಅಂದರು. ಹೇಮರ್ ಒಪ್ಪಲಿಲ್ಲ. ಮರುವರ್ಷ ಮತದಾನ ಹಕ್ಕಿನ ಕಾಯ್ದೆ ಬಂತು.

ಆಮೇಲೆ ಬಡವರಿಗಾಗಿ ಸಹಕಾರಿ ಬೇಸಾಯ ಕಟ್ಟಿದರು. ಹೆಣ್ಣು ಹಂದಿಯನ್ನು ಸಾಲ ಕೊಟ್ಟು, ಮರಿ ಹಾಕಿದ ಮೇಲೆ ಎರಡು ಮರಿ ವಾಪಸ್ ಪಡೆದು ಇನ್ನೊಂದು ಮನೆಗೆ ಕೊಡುವ ಲೆಕ್ಕ. 1977ರ ಮಾರ್ಚ್ 14ರಂದು ಕ್ಯಾನ್ಸರ್‌ನಿಂದ ತೀರಿಕೊಂಡರು, 59ನೇ ವಯಸ್ಸಿಗೆ.