ಬೀಳಗಿಯ ಅಮೀರ್‌ಬಾಯಿ ಕರ್ನಾಟಕಿ

ಶಾಲೆಯ ಸುವರ್ಣ ಮಹೋತ್ಸವದ ಸ್ಮರಣ ಸಂಚಿಕೆಗೆ ಹಳೆಯ ವಿದ್ಯಾರ್ಥಿನಿಯಾಗಿ ಏನಾದರೂ ಬರೆದುಕೊಡಬೇಕೆಂದು ಮುಖ್ಯಾಧ್ಯಾಪಕರು ಫೋನ್ ಮಾಡಿದಾಗ ಕೂಡಲೇ ಒಪ್ಪಿಕೊಂಡೆ. ಶಾಲೆಯ ನೆನಪುಗಳನ್ನು ಉಳಿದವರು ಬರೆದೇ ಬರೆಯುತ್ತಾರೆ. ನಾನು ಈ ಶಾಲೆಯಲ್ಲಿ ಓದುವಾಗ ದಿನವೂ ಮುಂಜಾನೆ ಕಿವಿಗೆ ಬೀಳುತ್ತಿದ್ದ ಒಂದು ದನಿಯ ಬಗ್ಗೆ ಬರೆಯಬೇಕೆಂದು ಬಹಳ ದಿನದ ಆಸೆ.

ಉಳವಿಯಲ್ಲಿ ನಮ್ಮ ತಂದೆಯವರದು ಸಣ್ಣ ಕಿರಾಣಿ ಅಂಗಡಿ. ಅಂಗಡಿಯ ಗೂಡಿನಲ್ಲಿ ಒಂದು ರೇಡಿಯೋ. ಮುಂಜಾನೆ ಏಳೂವರೆಗೆ ರೇಡಿಯೋ ಸಿಲೋನ್‌ನಲ್ಲಿ ಹಳೆಯ ಹಿಂದಿ ಚಿತ್ರಗೀತೆಗಳು ಬರುತ್ತಿದ್ದವು. ಕೊನೆಯ ಹಾಡು ಸೈಗಲ್‌ರದು. ಅದು ಶುರುವಾಯಿತೆಂದರೆ ನಾನು ಪಾಟಿಚೀಲ ಹೆಗಲಿಗೇರಿಸಬೇಕು. ಹಾಡಿಗಿಂತ ಮುಂಚೆ ಚಿತ್ರದ ಹೆಸರು, ಹಾಡಿದವರ ಹೆಸರು ಹೇಳುತ್ತಿದ್ದರು. ಹಾಗೆ ಒಂದು ದಿನ ಅಮೀರ್‌ಬಾಯಿ ಕರ್ನಾಟಕಿ ಎಂಬ ಹೆಸರು ಬಂತು. ನಾನಾಗ ಎಂಟನೇ ಇಯತ್ತೆ. ಸಿಲೋನ್‌ನಿಂದ ಹಿಂದಿಯಲ್ಲಿ ಮಾತಾಡುವವರ ಬಾಯಲ್ಲಿ ಕರ್ನಾಟಕದ ಹೆಸರು ಯಾಕೆ ಬಂತೆಂದು ತಂದೆಯವರನ್ನು ಕೇಳಿದೆ. ಅವರು ಉತ್ತರ ಹೇಳಲಿಲ್ಲ, ದನಿ ಮಾತ್ರ ಸ್ವಲ್ಪ ಏರಿಸಿದರು.

ಉತ್ತರ ಸಿಕ್ಕಿದ್ದು ಮಾಘದ ಜಾತ್ರೆಯಲ್ಲಿ. ಚನ್ನಬಸವಣ್ಣನ ಜಾತ್ರೆಗೆ ಬರುವವರಲ್ಲಿ ಬೀಳಗಿ ಕಡೆಯ ಒಬ್ಬ ಅಜ್ಜ ಪ್ರತಿ ವರ್ಷ ನಮ್ಮ ಅಂಗಡಿಯ ಮುಂದೆಯೇ ಬೀಡು ಬಿಡುತ್ತಿದ್ದರು. ಆಕೆ ತಮ್ಮೂರಿನ ಹುಡುಗಿ ಎಂದು ಅವರು ಎದೆಯುಬ್ಬಿಸಿ ಹೇಳಿದರು. ಅಲ್ಲಿಂದ ನಾನು ಅಮೀರ್‌ಬಾಯಿಯವರ ಸಂಗತಿ ಸಿಕ್ಕಲ್ಲೆಲ್ಲ ಕೂಡಿಡುತ್ತ ಬಂದಿದ್ದೇನೆ.

ಬೀಳಗಿ ಆಗ ವಿಜಾಪುರ ಜಿಲ್ಲೆಗೆ ಸೇರಿತ್ತು, ಈಗ ಬಾಗಲಕೋಟೆ ಜಿಲ್ಲೆ. ಇಪ್ಪತ್ತನೇ ಶತಮಾನದ ಮೊದಲ ವರ್ಷಗಳಲ್ಲಿ ಅಮೀರ್‌ಬಾಯಿ ಅಲ್ಲಿ ಹುಟ್ಟಿದರು. ಮನೆತನವೇ ಹಾಡು ಮತ್ತು ನಾಟಕದ್ದು. ಅಕ್ಕ ಗೋಹರ್‌ಬಾಯಿಯೂ ಗಾಯಕಿ, ನಟಿ. ಆ ಕಾಲದಲ್ಲಿ ರಂಗದ ಮೇಲೆ ಹಾಡುವ ಹೆಣ್ಣಿಗೆ ಚಪ್ಪಾಳೆ ಹೊಡೆಯುವ ಜನವೇ ಆಕೆಯನ್ನು ಮನೆಯೊಳಗೆ ಕರೆದು ಕೂರಿಸುತ್ತಿರಲಿಲ್ಲ. ಅಕ್ಕತಂಗಿಯರು ಬೆಳೆದದ್ದು ಅಂಥ ದಿನಗಳಲ್ಲಿ. ಗೋಹರ್‌ಬಾಯಿ ಮುಂದೆ ಮರಾಠಿ ರಂಗಭೂಮಿಯ ಬಾಲಗಂಧರ್ವರ ಮಂಡಳಿ ಸೇರಿದರು. ಬಾಲಗಂಧರ್ವರೆಂದರೆ ಸ್ತ್ರೀ ಪಾತ್ರಕ್ಕೆ ಹೆಸರಾದ ಗಂಡಸು. ಅವರ ಮಂಡಳಿಯಲ್ಲಿ ನಮ್ಮ ಕಡೆಯ ಹೆಣ್ಣುಮಗಳೊಬ್ಬಳು ನಾಯಕಿಯಾದದ್ದು, ಆಮೇಲೆ ಅವರ ಬಾಳಸಂಗಾತಿಯೂ ಆದದ್ದು ಮಹಾರಾಷ್ಟ್ರದಲ್ಲಿ ಅನೇಕರಿಗೆ ಹಿಡಿಸಲಿಲ್ಲ. ಅದೇ ಒಂದು ದೊಡ್ಡ ಕಥೆ, ಇಲ್ಲಿ ಬೇಡ.

ಅಮೀರ್‌ಬಾಯಿ ಹರೆಯದಲ್ಲೇ ಮುಂಬಯಿ ಸೇರಿದರು. ಗ್ರಾಮಫೋನ್ ತಟ್ಟೆಗೆ ಹಾಡಿದ ಕವ್ವಾಲಿ ಜನರ ಕಿವಿಗೆ ಬಿತ್ತು. 1934ರ ವಿಷ್ಣು ಭಕ್ತಿ ಚಿತ್ರದಲ್ಲಿ ನಟಿಸಿದರು. ಮೊದಮೊದಲು ಮಾತಾಡುವ ಚಿತ್ರಗಳಲ್ಲಿ ನಟಿಸುವವರೇ ಹಾಡಬೇಕಿತ್ತು. ಆದ್ದರಿಂದ ಮುಖಕ್ಕಿಂತ ಕಂಠವಿದ್ದವರಿಗೆ ಅವಕಾಶವಿತ್ತು. ಹಾಗಿದ್ದರೂ ಅಮೀರ್‌ಬಾಯಿಗೆ ಮೇಲೆ ಬರಲು ಹತ್ತಿರ ಹತ್ತಿರ ಹತ್ತು ವರ್ಷ ಹಿಡಿಯಿತು. 1940ರಲ್ಲಿ ವಿಜಯ್ ಭಟ್ ತೆಗೆದ ನರಸೀ ಭಗತ್ ಚಿತ್ರದಲ್ಲಿ ಗಾಂಧೀಜಿಯವರಿಗೆ ಪ್ರಿಯವಾದ ನರಸೀ ಮೆಹ್ತಾರ ಭಜನೆಯನ್ನು ಹಾಡಿದ ಮೇಲೆ ಹೆಸರು ಮನೆಮನೆಗೆ ಹೋಯಿತು.

ಆಮೇಲೆ 1943ರ ಕಿಸ್ಮತ್. ಬಾಂಬೆ ಟಾಕೀಸ್‌ನ ಚಿತ್ರ, ಜ್ಞಾನ್ ಮುಖರ್ಜಿಯವರ ನಿರ್ದೇಶನ, ಅನಿಲ್ ಬಿಸ್ವಾಸ್ ಸಂಗೀತ, ಕವಿ ಪ್ರದೀಪರ ಹಾಡುಗಳು. ತೆರೆಯ ಮೇಲೆ ಅಶೋಕ್ ಕುಮಾರ್ ಮತ್ತು ಮುಮ್ತಾಜ್ ಶಾಂತಿ. ಮುಮ್ತಾಜ್ ಶಾಂತಿಯ ತುಟಿಗೆ ದನಿ ಕೊಟ್ಟವರು ಬೀಳಗಿಯವರು. ಕಲಕತ್ತೆಯ ರಾಕ್ಸಿ ಟಾಕೀಜಿನಲ್ಲಿ ಆ ಚಿತ್ರ ಮೂರು ವರ್ಷಕ್ಕೂ ಮಿಕ್ಕಿ ಓಡಿತು. ಅದರಲ್ಲಿ ಮೋಡವನ್ನು ಮೆಲ್ಲಗೆ ಬಾ ಎಂದು ಕರೆಯುವ ಒಂದು ಹಾಡಿದೆ. ನಮ್ಮ ಉಳವಿಯ ಮಳೆ ಮೆಲ್ಲಗೆ ಬರುವಂಥದ್ದಲ್ಲ. ಆದರೂ ಜೂನ್ ತಿಂಗಳಲ್ಲಿ ಹಂಚಿನ ಮೇಲೆ ಹನಿ ಬೀಳುವ ಹೊತ್ತಿಗೆ ಆ ಹಾಡು ಕೇಳಿದರೆ ಈಗಲೂ ಕೆಲಸ ಬಿಟ್ಟು ನಿಲ್ಲುತ್ತೇನೆ.

ಅದೇ ಚಿತ್ರದಲ್ಲಿ ಖಾನ್ ಮಸ್ತಾನಾ ಮತ್ತು ಮೇಳದವರ ಜೊತೆ ಹಾಡಿದ ಇನ್ನೊಂದು ಹಾಡು ಪರದೇಶದವರು ದೂರ ಸರಿಯಲಿ ಎನ್ನುವಂಥದ್ದು. ಚಲೇ ಜಾವ್ ಚಳವಳಿ ಶುರುವಾಗಿ ಆರು ತಿಂಗಳೂ ಆಗಿರಲಿಲ್ಲ, ನಾಯಕರೆಲ್ಲ ಜೈಲಿನಲ್ಲಿ. ಕವಿ ಪ್ರದೀಪರು ಜಾಣತನದಿಂದ ಜರ್ಮನಿ, ಜಪಾನುಗಳ ಹೆಸರು ಸೇರಿಸಿದ್ದರಿಂದ ಹಾಡು ಸೆನ್ಸಾರಿನವರ ಕೈಯಿಂದ ಪಾರಾಯಿತು. ಜನರಿಗೆ ಯಾರಿಗೆ ಹೇಳಿದ್ದೆಂದು ಗೊತ್ತಿತ್ತು. ಥಿಯೇಟರಿನಲ್ಲಿ ರೀಲು ಹಿಂದಕ್ಕೆ ಸುತ್ತಿಸಿ ಮತ್ತೆ ಮತ್ತೆ ಕೇಳುತ್ತಿದ್ದರಂತೆ. ಅಂಕೋಲೆಯ ಉಪ್ಪಿನ ಸತ್ಯಾಗ್ರಹದ ಪಾಠ ಓದಿದ ನಮ್ಮ ಜಿಲ್ಲೆಯ ಮಕ್ಕಳು, ಅದರ ಜೊತೆ ಈ ಹಾಡನ್ನೂ ಒಮ್ಮೆ ಕೇಳಬೇಕು.

ಮರುವರ್ಷ 1944ರಲ್ಲಿ ನೌಷಾದರ ರತನ್ ಬಂತು. ಆ ಚಿತ್ರದಲ್ಲಿ ಅಂಬಾಲಾದ ಜೊಹ್ರಾಬಾಯಿ ಒಂದು ಕಡೆ, ನಮ್ಮ ಅಮೀರ್‌ಬಾಯಿ ಇನ್ನೊಂದು ಕಡೆ. ಜೊಹ್ರಾಬಾಯಿಯ ದನಿ ಕಂಚಿನಂತೆ ಗಡುಸು. ಅಮೀರ್‌ಬಾಯಿಯ ದನಿಯಲ್ಲಿ ಒಂದು ಅಳುಕು, ಒಂದು ಒದ್ದೆತನವಿದೆ. ಅಗಲಿಕೆಯ ಹಾಡೆಂದರೆ ಇವರನ್ನೇ ಕರೆಯುತ್ತಿದ್ದರು. ಹಾಗೆಂದು ಅಳುವ ಹಾಡಿಗೇ ಕಟ್ಟುಬಿದ್ದವರಲ್ಲ. 1947ರ ಶಹನಾಯಿ ಚಿತ್ರಕ್ಕೆ ಸಿ. ರಾಮಚಂದ್ರರ ಸಂಗೀತದಲ್ಲಿ ಹಾಡಿದರು, 1946ರ ಗುಜರಾತಿ ಚಿತ್ರ ರಾಣಕದೇವಿಗೂ ಹಾಡಿದರು. 1948ರಲ್ಲಿ ಶಹನಾಜ್ ಎಂಬ ಚಿತ್ರಕ್ಕೆ ತಾವೇ ಸಂಗೀತ ನಿರ್ದೇಶನ ಮಾಡಿದರು. ಹೆಂಗಸರು ಸಂಗೀತ ನಿರ್ದೇಶನ ಮಾಡುವುದು ಆಗ ಅಪರೂಪ. ಈಗಲೂ ಎಷ್ಟು ಮಂದಿ ಇದ್ದಾರೆ, ಎಣಿಸಿ ನೋಡಿ.

ಹಾಡಿನಲ್ಲಿ ಗೆದ್ದವರು ಸಂಸಾರದಲ್ಲಿ ಬಹಳ ಸೋತರು. ಖಳನ ಪಾತ್ರಗಳ ನಟ ಹಿಮಾಲಯವಾಲಾರೊಡನೆ ಆದ ಮದುವೆಯಲ್ಲಿ ಹೊಡೆತ ಬಡಿತ ಸಹಿಸಬೇಕಾಯಿತು. ದುಡಿದದ್ದೂ ಕೈಯಲ್ಲಿ ನಿಲ್ಲಲಿಲ್ಲ. ಆ ಮದುವೆಯಿಂದ ಬಿಡಿಸಿಕೊಳ್ಳಲು ಹಣ ತೆರಬೇಕಾಯಿತು, ಬೇರೆಯವರ ನೆರವೂ ಬೇಕಾಯಿತು. ದೇಶ ವಿಭಜನೆಯಾದಾಗ ಆತ ಪಾಕಿಸ್ತಾನಕ್ಕೆ ಹೋದರು. ಆಮೇಲೆ ಪತ್ರಕರ್ತ ಬದ್ರಿ ಕಾಂಚವಾಲಾ ಅವರೊಡನೆ ಆದ ಎರಡನೆಯ ಮದುವೆಯಲ್ಲಿ ನೆಮ್ಮದಿ ಕಂಡರು. ಹಾಡಿನ ತಟ್ಟೆಗಳಲ್ಲಿ ಅತಿ ಇಂಪಾದವು ಈ ಕಷ್ಟದ ವರ್ಷಗಳ ಸುತ್ತಮುತ್ತಲಿನವು ಎಂಬುದನ್ನು ನೆನೆದಾಗ ಮನಸ್ಸು ಭಾರವಾಗುತ್ತದೆ.

1949ರಲ್ಲಿ ಮಹಲ್ ಮತ್ತು ಬರಸಾತ್ ಬಂದ ಮೇಲೆ ಲತಾ ಮಂಗೇಶ್ಕರರ ಕಾಲ. ತೆಳುವಾದ, ಎತ್ತರದ ದನಿಗೆ ಜನ ಒಲಿದರು. ಅಮೀರ್‌ಬಾಯಿ, ಜೊಹ್ರಾಬಾಯಿಯಂಥವರಿಗೆ ಹಾಡುಗಳು ಕಡಿಮೆಯಾದವು. ಹಾಡು ಕೈಬಿಟ್ಟರೂ ಅವರು ಸುಮ್ಮನೆ ಕುಳಿತುಕೊಳ್ಳಲಿಲ್ಲ, ಸಣ್ಣ ಪೋಷಕ ಪಾತ್ರಗಳಲ್ಲಿ ನಟಿಸುತ್ತ ಹೋದರು. ಹುಟ್ಟಿದ ನಾಡನ್ನೂ ಬಿಟ್ಟುಕೊಡಲಿಲ್ಲ. ವಿಜಾಪುರದಲ್ಲಿ ಅಮೀರ್ ಟಾಕೀಜ್ ಕಟ್ಟಿಸಿದರು. ಚುನಾವಣೆ ಕೆಲಸಕ್ಕೆ ಆ ಊರಿಗೆ ಹೋಗಿದ್ದಾಗ ಆಟೋದವನಿಗೆ ಅದರ ಹೆಸರು ಹೇಳಿದೆ. ಜಾಗ ಗೊತ್ತಿತ್ತು. ಹೆಸರು ಯಾರದೆಂದು ಮಾತ್ರ ಗೊತ್ತಿರಲಿಲ್ಲ. ದಾರಿಯುದ್ದಕ್ಕೂ ಅವನಿಗೆ ಹೇಳಿದೆ, ಪಾಪ, ಕೇಳಿಸಿಕೊಂಡ.

ಪಾರ್ಶ್ವವಾಯು ಬಡಿದು 1965ರ ಮಾರ್ಚ್ 3ರಂದು ಅಮೀರ್‌ಬಾಯಿ ತೀರಿಕೊಂಡರು.

ಎಂಟನೇ ಇಯತ್ತೆಯಲ್ಲಿ ನಾನು ಕೇಳಿದ ಪ್ರಶ್ನೆಗೆ ಮತ್ತೆ ಬರುತ್ತೇನೆ. ಜೊಹ್ರಾಬಾಯಿ ತಮ್ಮ ಹೆಸರಿಗೆ ಊರನ್ನು ಸೇರಿಸಿಕೊಂಡರು. ಅಮೀರ್‌ಬಾಯಿಯ ಹೆಸರಿಗೆ ಬಂದದ್ದು ಬೀಳಗಿಯಲ್ಲ, ವಿಜಾಪುರವಲ್ಲ, ಇಡೀ ನಾಡು. ಆಗ ಆ ನಾಡು ಎಲ್ಲಿತ್ತು? ವಿಜಾಪುರವೂ ನಮ್ಮ ಕಾರವಾರ ಜಿಲ್ಲೆಯೂ ಮುಂಬಯಿ ಪ್ರಾಂತಕ್ಕೆ, ಬಳ್ಳಾರಿ ಮದರಾಸಿಗೆ, ಬೀದರ ಕಲಬುರ್ಗಿ ನಿಜಾಮರಿಗೆ ಸೇರಿದ್ದವು. 1956ರಲ್ಲಿ ಎಲ್ಲ ಒಂದಾದಾಗಲೂ ರಾಜ್ಯದ ಹೆಸರು ಮೈಸೂರು ಎಂದೇ ಉಳಿಯಿತು. ಕರ್ನಾಟಕ ಎಂದಾದದ್ದು 1973ರ ನವೆಂಬರ್ 1ರಂದು, ಅವರು ಮಣ್ಣಾಗಿ ಎಂಟು ವರ್ಷವಾದ ಮೇಲೆ.

ಒಂಬತ್ತನೇ ಇಯತ್ತೆಯ ಸ್ನೇಹ ಸಮ್ಮೇಳನದಲ್ಲಿ ನಾನು ಹಾಡಿದೆ. ಗುರುಗಳು ಕಾರವಾರದ ಸ್ಪರ್ಧೆಗೆ ಹೆಸರು ಬರೆದುಕೊಂಡರು. ಮನೆಯಲ್ಲಿ ಬೇಡವೆಂದರು. ಮರ್ಯಾದಸ್ಥರ ಮನೆಯ ಹುಡುಗಿ ಊರೂರಿಗೆ ಹೋಗಿ ಹಾಡುವುದು ಚಂದವಲ್ಲ ಎಂಬುದು ತಂದೆಯವರ ಮಾತು. ಮರುದಿನ ಮುಂಜಾನೆ ಅವರೇ ರೇಡಿಯೋ ಹಚ್ಚಿ ಅಮೀರ್‌ಬಾಯಿಯ ಹಾಡು ಬಂದಾಗ ಕಣ್ಣು ಮುಚ್ಚಿ ಕುಳಿತಿದ್ದರು. ಅವರ ಮೇಲೆ ನನಗೆ ಸಿಟ್ಟಿಲ್ಲ, ಅವರು ಕಂಡ ಲೋಕ ಅಷ್ಟು. ಆದರೆ ಆ ದಿನ ಸೈಗಲ್‌ರ ಹಾಡಿಗೆ ಕಾಯದೆ ನಾನು ಶಾಲೆಗೆ ಹೊರಟುಬಿಟ್ಟೆ.

ರಹಮತ್ ತರೀಕೆರೆಯವರು ಅಮೀರ್‌ಬಾಯಿಯವರ ಮೇಲೆ ಕನ್ನಡದಲ್ಲಿ ಒಂದು ಪುಸ್ತಕ ಬರೆದಿದ್ದಾರೆ. ಅದರ ಒಂದು ಪ್ರತಿಯನ್ನು ಶಾಲೆಯ ಗ್ರಂಥಾಲಯಕ್ಕೆ ತಂದಿದ್ದೇನೆ. ಮಹೋತ್ಸವದ ದಿನ ಹಾಡಲಿರುವ ಹುಡುಗಿಯರ ಪಟ್ಟಿಯನ್ನು ಮುಖ್ಯಾಧ್ಯಾಪಕರು ಕಳಿಸಿದ್ದಾರೆ. ಹನ್ನೊಂದು ಹೆಸರುಗಳಿವೆ. ಮುಂದಿನ ಸಾಲಿನಲ್ಲಿ ನನಗೊಂದು ಕುರ್ಚಿ ಇಡಲು ಹೇಳಿದ್ದೇನೆ.